ಹೂಂ ಅನ್ನಮ್ಮ

ಜೂನ್ ೧೭, ಮಂಗಳವಾರ
ಮಧ್ಯಾಹ್ನ ಮೂರು ಗಂಟೆ

ಪ್ರೀತಿಯ ಪಿಟೀಲು,

ನಾವಿಬ್ಬರೂ ಇಲ್ಲಿ ಚೆನ್ನಾಗಿದ್ದೇವೆ. ನಿನ್ನ ಅಮ್ಮನ ಮೊಣಕಾಲು ನೋವು ಹಾಗೇ ಇದೆ, ನಾಲಿಗೆಯ ಚುರುಕೂ ಹಾಗೇ ಇದೆ. ನಿನ್ನ ಪತ್ರ ಬಂದು ಏಳು ತಿಂಗಳಾಯಿತು. ಉತ್ತರಕ್ಕೆ ಇಷ್ಟು ದಿನ ಮಾಡಿದ್ದಕ್ಕೆ ಅಪ್ಪನನ್ನು ಕ್ಷಮಿಸು. ಮೂರು ಸಲ ಬರೆದು ಮೂರು ಸಲವೂ ಹರಿದು ಹಾಕಿದೆ. ಮೂವತ್ತು ವರ್ಷ ಮೈಕಿನ ಮುಂದೆ ಬೇರೆಯವರು ಬರೆದದ್ದನ್ನು ಓದಿ ಹೊಟ್ಟೆ ಹೊರೆದವನು ನಾನು, ಬರೆದು ರೂಢಿಯಿಲ್ಲ. ಅಕ್ಷರ ನೋಡಿ ನಗಬೇಡ. ನಗು ಬಂದರೆ ನಕ್ಕುಬಿಡು, ಬಂದ ನಗುವನ್ನು ತಡೆಯಬಾರದು.

ನಿನ್ನ ಪತ್ರದಲ್ಲಿ ಇದ್ದದ್ದು ನಾಲ್ಕೇ ಸಾಲು. ಬಾಯಿಪಾಠ ಆಗಿದೆ. "ಅಪ್ಪಾ, ಇನ್ನು ಫೋನ್ ಮಾಡಬೇಡ. ಮನೆಗೆ ಕರೀಬೇಡ. ನಿನ್ನ ಧ್ವನಿ ಕೇಳಿದ್ರೆ ನನ್ನ ಕೈ ತಾನಾಗೇ ಮೇಲಕ್ಕೆ ಹೋಗುತ್ತೆ. ಏನಾದ್ರೂ ಹೇಳೋದಿದ್ರೆ ಬರಿ." ಅದನ್ನು ಓದಿದ ದಿನ ನಿನ್ನ ಅಮ್ಮ ಹೊಲಿಗೆ ಯಂತ್ರದ ಮುಂದಿನಿಂದ ಏಳದೆಯೇ, ಇಷ್ಟು ವರ್ಷ ಗಂಟಲಿಗೆ ಕೆಲಸ ಕೊಟ್ಟಿದ್ದು ಸಾಕು, ಇನ್ನು ಕೈಗೆ ಕೊಡಿ ಎಂದಳು. ಅವಳು ಹೇಳಿದ್ದು ಸರಿ. ಕಾಗದಕ್ಕೆ ಧ್ವನಿ ಇಲ್ಲ. ಇದನ್ನು ನೀನು ನಿನ್ನದೇ ಧ್ವನಿಯಲ್ಲಿ ಓದಿಕೊಳ್ಳಬಹುದು.

ನಿನಗೆ ಗೊತ್ತಿರುವುದನ್ನೂ ಮತ್ತೆ ಹೇಳುತ್ತೇನೆ, ಬೇಸರ ಮಾಡಿಕೊಳ್ಳಬೇಡ. ಮೊದಲಿನಿಂದ ಶುರು ಮಾಡದಿದ್ದರೆ ನನಗೆ ಯಾವ ಕಥೆಯೂ ಹೇಳಲು ಬರುವುದಿಲ್ಲ.

ನಿನಗೆ ಆರು ವರ್ಷವಿದ್ದಾಗ ದಡಾರ ಬಂತು. ಕಿಟಕಿಗೆ ಅಮ್ಮನ ಹಳೆಯ ಸೀರೆ ಕಟ್ಟಿ ಕೋಣೆ ಕತ್ತಲು ಮಾಡಿದ್ದೆವು. ಎರಡು ವಾರ ನನಗೂ ಕೆಲಸವಿರಲಿಲ್ಲ, ಮಧ್ಯಾಹ್ನವೆಲ್ಲ ನಿನ್ನ ಪಕ್ಕ ಕೂತು ಕಥೆ ಹೇಳುತ್ತಿದ್ದೆ. ನೀನು ಕಣ್ಣು ಬಿಡುವ ಹಾಗಿರಲಿಲ್ಲ. ಎಚ್ಚರ ಇದ್ದೀಯೋ ಇಲ್ಲವೋ ತಿಳಿಯಬೇಕಲ್ಲ, ಅದಕ್ಕೆ ಪ್ರತಿ ಮಾತಿನ ಕೊನೆಗೆ "ಹೂಂ ಅನ್ನಮ್ಮ" ಅನ್ನುತ್ತಿದ್ದೆ. ನೀನು ಹೂಂ ಅನ್ನುತ್ತಿದ್ದೆ. ರಾಜಕುಮಾರ ಹಸಿರು ಕುದುರೆ ಹತ್ತಿದ ಎಂದರೆ "ಉಹೂಂ, ಕುದುರೆ ಕೆಂಪು" ಎಂದು ತಿದ್ದುತ್ತಿದ್ದೆ. ಹೂಂ ನಿಂತಾಗ ನಿದ್ದೆ ಬಂದಿದೆ ಎಂದು ತಿಳಿದು ನಾನು ತುದಿಗಾಲಲ್ಲಿ ಎದ್ದು ಹೋಗುತ್ತಿದ್ದೆ. ನಮ್ಮ ಮನೆಯ ಹೂಂ ಹುಟ್ಟಿದ್ದು ಹೀಗೆ.

ಆಮೇಲೆ, ನಾಲ್ಕು ವರ್ಷದ ಹಿಂದೆ, ಟೀವಿಯ ಆ ಧಾರಾವಾಹಿ ಸಿಕ್ಕಿತು. ಒಂದು ದೊಡ್ಡ ಕಂಪನಿ. ಕೆಲಸಕ್ಕೆ ಬರುವವರು ತಮ್ಮ ಹೆಸರನ್ನು ಚೀಟಿಯಲ್ಲಿ ಬರೆದು ಗೇಟಿನ ಡಬ್ಬಿಗೆ ಹಾಕಿ, ನಂಬರಿನ ಕೋಟು ತೊಟ್ಟು ಒಳಗೆ ಹೋಗಬೇಕು. ಸಂಜೆ ಚೀಟಿ ವಾಪಸು ತೆಗೆದುಕೊಳ್ಳಬಹುದು, ಆದರೆ ಬರಬರುತ್ತಾ ಎಲ್ಲರೂ ಮರೆಯುತ್ತಾರೆ. ಮನೆಯಲ್ಲೂ ನಂಬರು ಕೂಗಿದರೇ ತಿರುಗಿ ನೋಡುತ್ತಾರೆ. ಕಂಪನಿಯ ಯಜಮಾನನನ್ನು ಕಂಡವರಿಲ್ಲ, ಗೋಡೆಯ ಸ್ಪೀಕರಿನಿಂದ ಧ್ವನಿ ಮಾತ್ರ ಬರುತ್ತದೆ. ಕೆಲಸಗಾರರು ಅವನನ್ನು ‘ಮೇಲಿನವರು’ ಅನ್ನುತ್ತಾರೆ. ಆ ಮೇಲಿನವರು ನಾನು. ಸ್ಟುಡಿಯೋದಲ್ಲಿ ‘ಗಂಟಲಪ್ಪ’ ಎಂದು ಕರೆಸಿಕೊಳ್ಳುತ್ತಿದ್ದವನಿಗೆ ಒಂದೇ ಏಟಿಗೆ ಬಡ್ತಿ.

ಗದರಬೇಡಿ, ಪ್ರೀತಿಯಿಂದ ಹೆದರಿಸಿ ಎಂದಿದ್ದರು ನಿರ್ದೇಶಕರು. ಮೂರು ದಿನ ಆ ಧಾಟಿ ಬರಲಿಲ್ಲ. ನಾಲ್ಕನೆಯ ದಿನ ಒಂದು ದೃಶ್ಯ ಇತ್ತು. ಸುಸ್ತಾದ ಹುಡುಗಿಯೊಬ್ಬಳು ಕೆಲಸ ಬಿಟ್ಟು ನೆಲದ ಮೇಲೆ ಕೂತುಬಿಟ್ಟಿದ್ದಾಳೆ. ‘ಎದ್ದು ಕೆಲಸಕ್ಕೆ ಹೋಗು’ ಎಂಬುದಷ್ಟೇ ಬರೆದ ಮಾತು. ಪರದೆಯ ಮೇಲೆ ಅವಳ ಮುಖ ನೋಡಿ ನನಗೆ ಏನಾಯಿತೋ, "ಎದ್ದು ಹೋಗ್ತೀಯಲ್ಲ, ಹೂಂ ಅನ್ನಮ್ಮ" ಎಂದುಬಿಟ್ಟೆ. ಗಾಜಿನ ಆಚೆ ನಿರ್ದೇಶಕರು ಕುರ್ಚಿಯಿಂದ ಎದ್ದು ನಿಂತರು. ತಿಂಗಳೊಳಗೆ ಬೀದಿಯ ಮಕ್ಕಳೆಲ್ಲ ಅದನ್ನೇ ಹೇಳಿಕೊಂಡು ಓಡಾಡಿದರು. ನನ್ನ ಹೂಂ ಕದ್ದೆ ಕಳ್ಳ ಎಂದು ನೀನು ನನ್ನ ಬೆನ್ನಿಗೆ ಗುದ್ದಿದ್ದೆ. ಆಗ ನೀನೂ ನಗುತ್ತಿದ್ದೆ, ನೆನಪಿದೆಯಾ?

ನೀನು ಪಾರ್ಸೆಲ್ ಗೋದಾಮಿಗೆ ಸೇರಿದ್ದು ಅದರ ಮರುವರ್ಷ. ಮೊದಲು ಚೀಟಿ ಹಿಡಿದು ಸಾಮಾನು ಹುಡುಕುತ್ತಿದ್ದಿರಿ. ಆಮೇಲೆ ಎಲ್ಲರ ಕಿವಿಗೂ ಯಂತ್ರ ಸಿಕ್ಕಿಸಿದರು. ಯಾವ ಸಾಲು, ಯಾವ ಗೂಡು, ಎಷ್ಟು ಡಬ್ಬ ಎಂದು ಅದು ಹೇಳಬೇಕು, ನೀವು ಒಪ್ಪಬೇಕು, ಒಪ್ಪಿದರೆ ಮಾತ್ರ ಮುಂದಿನ ಕೆಲಸ. ಮೊದಲ ದಿನ ಅದನ್ನು ಹಾಕಿಕೊಂಡವಳು ಸಂಜೆ ಚಪ್ಪಲಿಯನ್ನೂ ಬಿಡದೆ ಮನೆಯೊಳಗೆ ಬಂದು ನಿಂತೆ. ಅದರೊಳಗೆ ಇರೋದು ನೀನು ಅಪ್ಪಾ ಎಂದೆ. ‘ಮೂರನೇ ಸಾಲು, ಏಳನೇ ಗೂಡು, ಎರಡು ಡಬ್ಬ, ಹೂಂ ಅನ್ನಮ್ಮ.’ ದಿನಕ್ಕೆ ಒಂಬೈನೂರು ಸಲ.

ನನಗೇನೂ ಗೊತ್ತಿಲ್ಲ, ಧಾರಾವಾಹಿಗೆ ಬೇಕು ಎಂದು ಹನ್ನೊಂದು ದಿನ ಏನೇನೋ ಓದಿಸಿಕೊಂಡರು, ಕಾಗದ ಓದದೆ ಸಹಿ ಹಾಕಿಬಿಟ್ಟೆ ಎಂದೆ. ನೀನು ನಂಬಿದೆ. ಪಾಪ ಅಪ್ಪ ಎಂದೆ. ಧಾರಾವಾಹಿ ಮಾಡಿಸುವುದೂ ನಿನ್ನ ಗೋದಾಮು ನಡೆಸುವುದೂ ಒಂದೇ ಕಂಪನಿ. ಧ್ವನಿ ಇನ್ನು ಆ ಕಂಪನಿಯ ಸ್ವತ್ತು, ಅದು ನನ್ನದೆಂದು ಹೊರಗೆ ಎಲ್ಲೂ ಹೇಳುವ ಹಾಗಿಲ್ಲ ಎಂದು ಆ ಕಾಗದದಲ್ಲಿತ್ತು. ಆದ್ದರಿಂದ ನೀನೂ ಗೋದಾಮಿನಲ್ಲಿ ಯಾರಿಗೂ ಹೇಳಲಿಲ್ಲ. ಅಪ್ಪನ ಕೆಲಸ ಉಳಿಸಲು ನೀನು ಬಾಯಿಗೆ ಬೀಗ ಹಾಕಿಕೊಂಡೆ.

ಆ ಭಾನುವಾರದ್ದನ್ನೂ ಬರೆಯುತ್ತೇನೆ, ತಪ್ಪಿಸಿಕೊಳ್ಳುವುದಿಲ್ಲ. ಮೂವರೂ ಊಟಕ್ಕೆ ಕೂತಿದ್ದೆವು. ಎರಡನೇ ಕಪಾಟಿನಲ್ಲಿ ಉಪ್ಪಿದೆ, ತರ್ತೀಯಾ, ಹೂಂ ಅನ್ನಮ್ಮ ಎಂದೆ, ಹಳೆಯ ಅಭ್ಯಾಸದಲ್ಲಿ. ನೀನು ಹೂಂ ಎಂದೆ. ಎದ್ದು ಹೋಗಿ ಉಪ್ಪಿನ ಡಬ್ಬಿ ತಂದು ಮೇಜಿನ ಮೇಲಿಟ್ಟು, ಅಲ್ಲೇ ನಿಂತೆ. ಕೂರಲಿಲ್ಲ. ಕಣ್ಣು ಗೋಡೆಯ ಮೇಲಿತ್ತು. ಮುಂದಿನ ಮಾತಿಗೆ ಕಾಯುತ್ತಿದ್ದೆ. ನಾನು ಮೂರ್ಖ, ಧಾರಾವಾಹಿಯನ್ನು ಅಣಕಿಸುತ್ತಿದ್ದೀಯ ಎಂದುಕೊಂಡು ಗಟ್ಟಿಯಾಗಿ ನಕ್ಕೆ. ಅಮ್ಮ ನಗಲಿಲ್ಲ. ನಿನಗೆ ಎಚ್ಚರವಾದಂತಾಗಿ, ತಟ್ಟೆಯನ್ನು ಅಲ್ಲೇ ಬಿಟ್ಟು ಬಚ್ಚಲಿಗೆ ಹೋಗಿ ನಲ್ಲಿ ಬಿಟ್ಟುಕೊಂಡೆ. ಅದರ ಮರುವಾರವೇ ಗೋದಾಮಿನ ಹತ್ತಿರ ಕೋಣೆ ಹಿಡಿದೆ. ನಾಲ್ಕು ಸಾಲಿನ ಪತ್ರ ಬಂದದ್ದು ಅಲ್ಲಿಂದ.

ಈಗ ಹೊಸ ಸುದ್ದಿ. ಮೂರು ವಾರದ ಹಿಂದೆ ಬಾಗಿಲು ಬಡಿದ ಸದ್ದಾಯಿತು. ತೆಗೆದರೆ ಚೌಕಟ್ಟಿಗೆ ತಲೆ ತಾಗುವಷ್ಟು ಎತ್ತರದ ಹೆಂಗಸು, ಬಲಗೈಗೆ ಪಟ್ಟಿ. ಬನ್ನಿ ಕೂತ್ಕೊಳ್ಳಿ ಎಂದೆ. ಅವಳು ತಕ್ಷಣ "ಹೂಂ" ಎಂದು ಕೂತುಬಿಟ್ಟಳು. ಕೂತ ಮೇಲೆ ಅವಳಿಗೇ ಗೊತ್ತಾಗಿ ನನ್ನ ಮುಖ ನೋಡಿದಳು. ನಾನು ನೀರು ತಂದಿಟ್ಟೆ. ನೀನು ಹೇಳುತ್ತಿದ್ದ, ನಿನ್ನ ಸಾಲಿನ ಎತ್ತರದ ಅಕ್ಕ ಇವಳೇ ಎಂದು ಆಗ ತಿಳಿಯಿತು. ವಿಳಾಸ ಕೊಟ್ಟವಳು ನೀನೇ ಅಂತೆ. ಅಪ್ಪ ಮಾತಾಡಿದ್ರೆ ಹೆದರಬೇಡ, ಮನುಷ್ಯ ಒಳ್ಳೆಯವರು ಎಂದಿದ್ದೆಯಂತೆ. ಮಗಳೇ, ಆ ಒಂದು ಮಾತಿನ ಬಲದಿಂದ ಈ ಪತ್ರ ಬರೆಯುತ್ತಿದ್ದೇನೆ.

ಅವಳ ಕಥೆ ನಿನಗೆ ಗೊತ್ತು. ಮೊದಲೇ ಮಣಿಕಟ್ಟು ಉಳುಕಿತ್ತು. ಮೇಲಿನ ಗೂಡಿನಿಂದ ಇಪ್ಪತ್ತೆಂಟು ಕಿಲೋ ಪೆಟ್ಟಿಗೆ ಇಳಿಸಿಕೋ ಎಂದಿತು ಕಿವಿಯ ಧ್ವನಿ. ಅವಳು ಉಹೂಂ ಎಂದಳು. ‘ಒಳ್ಳೇದು’ ಎಂದಿತು. ಮತ್ತೆ ಉಹೂಂ ಎಂದಳು. ಮೂರನೆಯ ಉಹೂಂ ಮುಗಿಯುವುದರೊಳಗೆ ಒಪ್ಪಿಗೆ ಸಿಕ್ಕಿತೆಂದು ಮೇಲಿನ ಗೂಡಿನ ಸಾಗಣೆ ಬೆಲ್ಟು ತಿರುಗಿ ಪೆಟ್ಟಿಗೆ ಕೈಮೇಲೆ ಬಿತ್ತು. ಇವರು ಮೂರು ಸಲ ಒಪ್ಪಿಗೆ ಕೊಟ್ಟಿದ್ದಾರೆ, ದಾಖಲೆ ಇದೆ ಎನ್ನುತ್ತದೆ ಕಂಪನಿ. "ಸರ್, ನಾನು ಉಹೂಂ ಅಂದೆ. ಯಾರೂ ನಂಬ್ತಿಲ್ಲ. ಈಗ ನನಗೇ ಅನುಮಾನ ಬಂದಿದೆ" ಎಂದಳು. ಅವಳ ಉಹೂಂ ಎಲ್ಲಿ ಹೋಯಿತು ಎಂದು ನನಗೆ ಗೊತ್ತಿತ್ತು.

ಆ ಹನ್ನೊಂದು ದಿನದಲ್ಲಿ ಒಂದಿಡೀ ದಿನ ನನ್ನಿಂದ ಹೂಂ ಅನ್ನಿಸಿದ್ದರು. ನಿದ್ದೆಗಣ್ಣಿನ ಹೂಂ, ನೆಗಡಿಯ ಹೂಂ, ಸಿಟ್ಟಿನ ಹೂಂ, ಅಳು ನುಂಗಿಕೊಂಡ ಹೂಂ, ಒಟ್ಟು ನಲವತ್ತು ಬಗೆ. ಯಾರು ಹೇಗೆ ಹೂಂ ಅಂದರೂ ಯಂತ್ರಕ್ಕೆ ತಿಳಿಯಬೇಕಂತೆ. ಮುಗಿದ ಮೇಲೆ ಎಂಜಿನಿಯರನ್ನು ಕೇಳಿದೆ, ಉಹೂಂ ಬೇಡವಾ ಅಂತ. ಅವನು ವೈರು ಸುತ್ತಿಡುತ್ತಾ "ಅದರ ಅಗತ್ಯ ಬೀಳಲ್ಲ ಸರ್" ಎಂದ. ಹಾಲು ಕುಡಿಯುವ ಕೂಸಿಗೂ ಹೂಂ ಯಾವುದು, ಉಹೂಂ ಯಾವುದು ಎಂದು ತಿಳಿಯುತ್ತದೆ. ಆ ಯಂತ್ರಕ್ಕೆ ಯಾರೂ ಕಲಿಸಿರಲಿಲ್ಲ. ಅದು ಬಾಲ ಕೇಳಿಸಿಕೊಂಡು ತಲೆ ಬಿಟ್ಟಿತು.

ಹೋಗಿ ಸಾಕ್ಷಿ ಹೇಳುವುದು ಎಂದು ನಾನು ತೀರ್ಮಾನ ಮಾಡಲು ಎರಡು ದಿನ ಹಿಡಿಯಿತು, ಸುಳ್ಳು ಹೇಳುವುದಿಲ್ಲ. ಕೆಲಸ ಹೋಗುತ್ತದೆ ಎಂಬ ಹೆದರಿಕೆ. ಅಮ್ಮ ಕೇಳಿದ್ದು ಒಂದೇ ಪ್ರಶ್ನೆ: ಮಗಳ ಕೈ ಆಗಿದ್ದರೆ? ಕಳೆದ ಶುಕ್ರವಾರ ಅವಳ ದೂರಿನ ವಿಚಾರಣೆಗೆ ಕಾರ್ಮಿಕ ಇಲಾಖೆಯ ಕಚೇರಿಗೆ ಹೋದೆವು.

ಕೋಣೆ ಚಿಕ್ಕದು, ಫ್ಯಾನು ದೊಡ್ಡದು, ಕಾಗದಗಳೆಲ್ಲ ಹಾರುತ್ತಿದ್ದವು. ಅಧಿಕಾರಿ ನಿನ್ನ ಅಮ್ಮನ ವಯಸ್ಸಿನವರು, ಕನ್ನಡಕಕ್ಕೆ ದಾರ ಕಟ್ಟಿ ಕತ್ತಿಗೆ ಹಾಕಿಕೊಂಡಿದ್ದರು. ನಾನು ಬಾಯಿ ತೆರೆದೆನೋ ಇಲ್ಲವೋ ಕಂಪನಿಯ ವಕೀಲರು ಎದ್ದರು. ಈ ಧ್ವನಿ ತಮ್ಮ ಕಕ್ಷಿದಾರರದು, ಅನುಮತಿಯಿಲ್ಲದೆ ಇಲ್ಲಿ ಬಳಸುವ ಹಾಗಿಲ್ಲ ಎಂದರು. ಹಾಗಾದರೆ ಇವರು ಹೇಗೆ ಮಾತಾಡಬೇಕು ಎಂದು ಅಧಿಕಾರಿ ಕೇಳಿದರು. ಬೇರೆ ಧ್ವನಿಯಲ್ಲಿ ಎಂದರು ವಕೀಲರು, ತಮಾಷೆಗಲ್ಲ. ನಾನು ಹೇಳಿದೆ, "ಮೇಡಂ, ಈ ಗಂಟಲು ನಮ್ಮಪ್ಪ ಕೊಟ್ಟಿದ್ದು. ಮನೇಲಿ ಇರೋದು ಇದೊಂದೇ." ಅವರು ನಗು ತಡೆದುಕೊಂಡು ಮುಂದೆ ಹೇಳಿ ಎಂದರು. ನಲವತ್ತು ಹೂಂಗಳ ಕಥೆಯನ್ನೂ ಎಂಜಿನಿಯರ್ ಹೇಳಿದ ಮಾತನ್ನೂ ಬರೆಸಿದೆ.

ಆಮೇಲೆ ಅಧಿಕಾರಿ ಯಂತ್ರವನ್ನು ತಮ್ಮ ಕಿವಿಗೇ ಹಾಕಿಕೊಂಡರು. ಅದರ ದೀಪ ನಮಗೆಲ್ಲ ಕಾಣುತ್ತಿತ್ತು, ಒಪ್ಪಿಗೆಯಾದರೆ ಹಸಿರು. ಮೇಜಿನ ಮೇಲಿನ ಸ್ಪೀಕರಿನಿಂದ ನಾನು ಮಾತಾಡಿದೆ, ಅಂದರೆ ಆ ನಾನು: "ಎರಡನೇ ಸಾಲು, ಆರನೇ ಗೂಡು, ಇಪ್ಪತ್ತೆಂಟು ಕಿಲೋ. ಹೂಂ ಅನ್ನಮ್ಮ." ಅವರು ಉಹೂಂ ಎಂದರು. ಹಸಿರು. ಇನ್ನೂ ಜೋರಾಗಿ ಉಹೂಂ ಎಂದರು. ಹಸಿರು, ‘ಒಳ್ಳೇದು’. ಆಗ ಅವರು ಒಂದೊಂದೇ ಅಕ್ಷರ ಬಿಡಿಸಿ, ನನ್ನ ಕೈಲಿ ಆಗಲ್ಲ ಎಂದರು. "ಕೇಳಿಸಲಿಲ್ಲ. ಹೂಂ ಅನ್ನಮ್ಮ" ಎಂದಿತು ನನ್ನ ಧ್ವನಿ, ಎಷ್ಟು ಮುದ್ದಾಗಿ ಅಂತೀಯ. ಯಾರೂ ನಗಲಿಲ್ಲ. ಎತ್ತರದ ಅಕ್ಕ ಮಾತ್ರ ಪಟ್ಟಿ ಕಟ್ಟಿದ ಕೈಯಿಂದ ಮುಖ ಮುಚ್ಚಿಕೊಂಡು ಅತ್ತಳು. ನಾನು ಉಹೂಂ ಅಂದಿದ್ದೆ ಅಲ್ವಾ, ನಾನು ಅಂದಿದ್ದೆ ಎಂದು ನಿನ್ನ ಅಮ್ಮನ ಹೆಗಲು ಹಿಡಿದು ಹೇಳುತ್ತಿದ್ದಳು.

ಬೇಡ ಎಂದದ್ದು ಕೇಳಿಸುವವರೆಗೆ ಆ ಧ್ವನಿಯನ್ನು ಗೋದಾಮಿನಲ್ಲಿ ಬಳಸಕೂಡದು ಎಂದು ಅಲ್ಲೇ ಆದೇಶವಾಯಿತು. ಅಕ್ಕನಿಗೆ ಕೈ ಸರಿಹೋಗುವ ತನಕ ಸಂಬಳ ಸಹಿತ ರಜೆ. ದೊಡ್ಡ ಗೆಲುವೇನಲ್ಲ, ವಿಚಾರಣೆ ಇನ್ನೂ ಬಾಕಿ ಇದೆ. ಆದರೆ ನಿನ್ನೆ ನೀನು ಅಮ್ಮನಿಗೆ ಫೋನು ಮಾಡಿದೆಯಲ್ಲ, ಅವಳು ಫೋನು ಎತ್ತಿದ ಕೂಡಲೇ ನನ್ನನ್ನು ಹೊರಗೆ ಅಟ್ಟಿ ಬಾಗಿಲು ಹಾಕಿದ್ದಳು. ಆಮೇಲೆ ಎಲ್ಲವನ್ನೂ ಹೇಳಿದಳು. ಕಿವಿ ಖಾಲಿಯಾದ ಮೊದಲ ದಿನ ನೀವೆಲ್ಲ ಸಾಲಿನಿಂದ ಸಾಲಿಗೆ ಕೂಗಿ ಮಾತಾಡಿದಿರಂತೆ. ಪಕ್ಕದ ಸಾಲಿನವಳು ಎರಡು ವರ್ಷದಿಂದ ಕೆಲಸ ಮಾಡುತ್ತಾ ಹಾಡುತ್ತಿದ್ದಳೆಂಬುದು ನಿನಗೆ ಗೊತ್ತೇ ಇರಲಿಲ್ಲವಂತೆ. ಶ್ರುತಿ ಇಲ್ಲ, ಆದರೂ ಚೆನ್ನಾಗಿದೆ ಎಂದೆಯಂತೆ. ಅದನ್ನು ಕೇಳಿ ನಾನು ಹಿತ್ತಲಿನ ಮೆಟ್ಟಿಲ ಮೇಲೆ ಕೂತು ತುಂಬಾ ಹೊತ್ತು ಸಂತೋಷಪಟ್ಟೆ.

ನನ್ನ ಕೆಲಸ ಹೋಯಿತು, ಅದಕ್ಕೆ ಮರುಗಬೇಡ. ಧಾರಾವಾಹಿಯಲ್ಲಿ ಮೇಲಿನವರು ಈಗಲೂ ಮಾತಾಡುತ್ತಿದ್ದಾರೆ, ಯಂತ್ರ ಇದೆಯಲ್ಲ. ನಿನ್ನೆ ಟೀವಿ ಹಾಕಿದರೆ ನಾನು ಎಂದೂ ಹೇಳದ ಮಾತನ್ನು ನಾನೇ ಹೇಳುತ್ತಿದ್ದೆ, ಉಸಿರು ತೆಗೆದುಕೊಳ್ಳದೆ. ಅಮ್ಮ ನೋಡಿ, ಇವರಿಗೆ ಕೆಮ್ಮೂ ಇಲ್ಲ, ನೀವೇ ವಾಸಿ ಎಂದಳು. ನಿನ್ನೆಯಿಂದ ಬಸ್ ನಿಲ್ದಾಣದಲ್ಲಿ ಮೈಕಿನ ಕೆಲಸ ಸಿಕ್ಕಿದೆ. ಅಲ್ಲಿ ನಾನು ಹೇಳಿದ್ದನ್ನು ಯಾರೂ ಕೇಳುವುದಿಲ್ಲ. ಕೇಳಿದವರು ಕಿಟಕಿಗೆ ಬಂದು ಜಗಳ ಮಾಡುತ್ತಾರೆ. ಇವತ್ತು ಒಬ್ಬ ಅಜ್ಜಿ ಬಂದು, ಗಂಟಲೇನೋ ಚೆನ್ನಾಗಿದೆ, ಬಸ್ಸೆಲ್ಲಿ ಎಂದರು. ನನಗೆ ಎಷ್ಟು ಹಿತವಾಯಿತು ಎಂದರೆ ಅವರಿಗೆ ಟೀ ಕೊಡಿಸಿದೆ.

ಮೈಗೆ ಹುಷಾರು. ಭಾರ ಎತ್ತುವಾಗ ಸೊಂಟ ಬಗ್ಗಿಸಬೇಡ, ಮೊಣಕಾಲು ಬಗ್ಗಿಸು. ಅಮ್ಮ ಹೊಲಿದ ಎರಡು ಕುಪ್ಪಸ ಈ ಪತ್ರದ ಜೊತೆ ಬರುತ್ತವೆ. ತೋಳು ಬಿಗಿಯಾದರೆ ಒಳಗೆ ಬಟ್ಟೆ ಬಿಟ್ಟಿದ್ದಾಳೆ, ಬಿಚ್ಚಿಕೋ. ನಿನ್ನ ಬಾಯಲ್ಲಿ ಬಂದ ಮಾತು ಯಾವತ್ತೂ ನಿನ್ನದೇ ಆಗಿರಲಿ, ಕೇಳಿಸಿಕೊಳ್ಳುವ ಜನ ಸದಾ ಹತ್ತಿರ ಇರಲಿ. ಅಪ್ಪನ ಆಶೀರ್ವಾದ ಇಷ್ಟೇ.

ನಿನ್ನ,
ಅಪ್ಪ

ಮರೆತ ಮಾತು: ಮರೆತದ್ದಲ್ಲ, ಮುಚ್ಚಿಟ್ಟದ್ದು. ಮೊದಲಿನ ಮೂರು ಪತ್ರಗಳನ್ನು ಹರಿದದ್ದು ಇಲ್ಲಿಗೆ ಬಂದಾಗಲೇ.

ಕಾಗದವನ್ನು ನಾನು ಓದಿಯೇ ಸಹಿ ಹಾಕಿದ್ದು. ಮೊದಲ ಪುಟದಲ್ಲೇ ನಿನ್ನ ಗೋದಾಮಿನ ಹೆಸರಿತ್ತು. ಓದಿ ನನಗೆ ಕೊಂಬು ಬಂದಿತ್ತು ಮಗಳೇ. ದಿನವೆಲ್ಲ ಅವಳ ಕಿವಿಯಲ್ಲಿ ಅಪ್ಪ ಇರುತ್ತಾನೆ, ದಡಾರ ಬಂದಾಗ ಇದ್ದ ಹಾಗೆ, ಎಂದುಕೊಂಡೆ. ನಿನಗೆ ಅಚ್ಚರಿಯಾಗಲಿ ಎಂದು ಹೇಳದೆ ಇಟ್ಟುಕೊಂಡೆ. ನೀನು ಅಳುತ್ತಾ ಬಂದು ನಿಂತಾಗ ಬಾಯಿಗೆ ಬಂದ ಸುಳ್ಳು ಹೇಳಿದೆ.

ಇನ್ನೊಂದಿದೆ. ಎಂಜಿನಿಯರ್ ಬರೆದು ತಂದಿದ್ದ ಪಟ್ಟಿಯಲ್ಲಿ ಹೂಂ ಇರಲೇ ಇಲ್ಲ. ಕೆಲಸಗಾರರು ‘ಸರಿ’ ಅನ್ನಬೇಕು ಇಲ್ಲವೇ ‘ಆಗಲ್ಲ’ ಅನ್ನಬೇಕು ಎಂದು ಎರಡು ಮಾತಿತ್ತು. ಎಂಥ ಯಂತ್ರವೂ ಅವೆರಡನ್ನು ಒಂದು ಮಾಡುತ್ತಿರಲಿಲ್ಲ. ಇದು ತೀರಾ ಒಣಕಲು, ಮನೆಯಲ್ಲಿ ಆಡುವ ಹಾಗಿರಲಿ, ‘ಹೂಂ ಅನ್ನಮ್ಮ’ ಎಂದಿಡಿ ಎಂದವನು ನಾನು. ಅವನು ಎರಡು ಮಾತನ್ನೂ ಹೊಡೆದುಹಾಕಿ ನನ್ನ ಒಂದನ್ನು ಬರೆದುಕೊಂಡ. ನಿನ್ನ ‘ಆಗಲ್ಲ’ವನ್ನು ತೆಗೆಸಿದ್ದು ಕಂಪನಿಯಲ್ಲ. ಶುಕ್ರವಾರ ಇದನ್ನು ಹೇಳಲು ನಾಲಿಗೆ ಏಳಲಿಲ್ಲ. ಅಮ್ಮನಿಗೂ ಗೊತ್ತಿಲ್ಲ. ಇವತ್ತು ಸಂಜೆ ಅವಳಿಗೆ ಹೇಳುತ್ತೇನೆ, ನಾಳೆ ಕಚೇರಿಗೆ ಹೋಗಿ ಬರೆಸುತ್ತೇನೆ. ಮೊದಲು ನಿನಗೆ ತಿಳಿಯಬೇಕಿತ್ತು.

ಮನೆಗೆ ಬಾ ಎಂದು ಕೇಳಬೇಕೆಂದಿದೆ. ಕೇಳುತ್ತಿದ್ದೇನೆ. ಆದರೆ ಹೂಂ ಅನ್ನಮ್ಮ ಎಂದು ಸೇರಿಸುವುದಿಲ್ಲ. ನಿನಗೆ ಅನ್ನಿಸಿದ್ದನ್ನು ಬರಿ. ಉಹೂಂ ಎಂಬ ಒಂದೇ ಮಾತು ಬರೆದು ಕಳಿಸಿದರೂ ಆಯಿತು, ಅದನ್ನು ನಾನು ಹೂಂ ಎಂದು ಓದಿಕೊಳ್ಳುವುದಿಲ್ಲ.